ಅಡಿಗೆಕಟ್ಟೆ ಎಷ್ಟು ಎತ್ತರ ಇರಬೇಕು?

ನನ್ನ ಅಣ್ಣನ ಮಗನ ಇಂಟೀರಿಯರ್ ಕಂಪನಿಗೆ ಈ ಯುಗಾದಿಗೆ ಒಂಬತ್ತು ವರ್ಷ ತುಂಬಿತು. ಹುಬ್ಬಳ್ಳಿಯ ತಾರಿಹಾಳ ಇಂಡಸ್ಟ್ರಿಯಲ್ ಏರಿಯಾದಲ್ಲಿ ಒಂದು ಬಾಡಿಗೆ ಶೆಡ್, ಇಬ್ಬರು ಬಡಿಗೇರರು, ಸೆಕೆಂಡ್ ಹ್ಯಾಂಡ್ ಕಟಿಂಗ್ ಮಷಿನ್. ಶುರುವಾಗಿದ್ದು ಇಷ್ಟರಿಂದ. ಈಗ ಮೂವತ್ತೆರಡು ಜನ ಕೆಲಸ ಮಾಡುತ್ತಾರೆ, ವಿದ್ಯಾನಗರದಲ್ಲಿ ಆಫೀಸ್ ಇದೆ. ಹೋದ ತಿಂಗಳು ಮನೆಗೆ ಬಂದವನು, "ಅತ್ತಿ, ಬೆಳಗಾವಿ, ದಾವಣಗೆರೆ, ಶಿವಮೊಗ್ಗ, ಮೂರೂ ಕಡೆ ಫ್ರಾಂಚೈಸಿ ಕೊಡೋಣು ಅಂತ ಮಾಡೇನಿ" ಅಂದ. ನನಗೆ ಖುಷಿಯೂ ಆಯಿತು, ಹೆದರಿಕೆಯೂ ಆಯಿತು. ಆವತ್ತು ಅವನಿಗೆ ಹೇಳಿದ್ದನ್ನೂ ಹೇಳದೆ ಉಳಿದಿದ್ದನ್ನೂ ಇಲ್ಲಿ ಬರೆಯುತ್ತಿದ್ದೇನೆ. ಮನೆ ರಿಪೇರಿ ಹಚ್ಚುವವರಿಗೂ ಉಪಯೋಗ ಆದೀತು.

ಧಾರವಾಡದ ಮಾಳಮಡ್ಡಿಯಲ್ಲಿ ನಮ್ಮದು ಹಳೇ ಹಂಚಿನ ಮನೆ. 2015ರಲ್ಲಿ ಅಡಿಗೆಮನೆ ಹೊಸದು ಮಾಡಿಸಿದೆವು. ಆಗಿನ್ನೂ ಇವನ ಕಂಪನಿ ಇರಲಿಲ್ಲ. ಬೇರೆ ಒಬ್ಬ ಕಂಟ್ರಾಕ್ಟರ್‌ಗೆ ಕೊಟ್ಟೆವು. ಎಲ್ಲಾ ಬಾಯಿಮಾತಿನ ಲೆಕ್ಕ. "ವಾಟರ್‌ಪ್ರೂಫ್ ಪ್ಲೈವುಡ್ಡೇ ಹಾಕ್ತೀನ್ರಿ" ಅಂದಿದ್ದ. ಎರಡನೇ ಮಳೆಗಾಲಕ್ಕೆ ಸಿಂಕ್ ಕೆಳಗಿನ ಪೆಟ್ಟಿಗೆ ಉಬ್ಬಿ, ಬಾಗಿಲು ಮುಚ್ಚಲಿಕ್ಕೇ ಬರಲಿಲ್ಲ. ಲ್ಯಾಮಿನೇಟ್ ಕಿತ್ತು ನೋಡಿದರೆ ಒಳಗೆ ಪ್ಲೈವುಡ್ಡೇ ಇಲ್ಲ. ಕಟ್ಟಿಗೆ ಹೊಟ್ಟು ಒತ್ತಿ ಮಾಡಿದ ಬೋರ್ಡು. ಕೈಯಿಂದ ಹಿಚುಕಿದರೆ ನೆನೆದ ಅವಲಕ್ಕಿ ಹಾಗೆ ಉದುರುತ್ತಿತ್ತು. ಫೋನ್ ಮಾಡಿದರೆ, "ನಿಮ್ಮ ಗ್ವಾಡಿನ ಥಂಡಿ ಹಿಡಿದೈತ್ರಿ, ನಾ ಏನ್ ಮಾಡ್ಲಿ" ಅಂದ. ಮುಂದೆ ಫೋನ್ ಎತ್ತಲೇ ಇಲ್ಲ. ಅತ್ತೆಯವರು ಕೂಡಿಟ್ಟ ದುಡ್ಡು ಅದು. ಇವತ್ತಿಗೂ ನೆನೆಸಿಕೊಂಡರೆ ಹೊಟ್ಟೆ ಉರಿಯುತ್ತದೆ.

ಗೋಡೆ ಥಂಡಿ ಹಿಡಿಯುವುದು ಸುಳ್ಳಲ್ಲ. ಧಾರವಾಡ ಮಲೆನಾಡಿನ ಅಂಚಿನಲ್ಲಿದೆ. ಜೂನ್‌ನಲ್ಲಿ ಜಿಟಿಜಿಟಿ ಹಿಡಿದರೆ ಕಪಾಟಿನ ಸೀರೆಗೂ ಬೂಸು ಬರುತ್ತದೆ. ಇಪ್ಪತ್ತು ಕಿಲೋಮೀಟರ್ ಆಚೆ ಹುಬ್ಬಳ್ಳಿಯಲ್ಲಿ ಮಳೆ ಕಡಿಮೆ, ಆದರೆ ಸುಮಾರು ಕಡೆ ಎರಿ ಮಣ್ಣು. ಮಳೆಗೆ ಉಬ್ಬುತ್ತದೆ, ಬ್ಯಾಸಗಿಗೆ ಬಿರಿಯುತ್ತದೆ. ಪಾಯ ಸರಿ ಇಲ್ಲದಿದ್ದರೆ ಮೇಲಿನ ಗೋಡೆಯೂ ಅದರ ಜೊತೆ ಅಲುಗಾಡುತ್ತದೆ. ಗೋಡೆಯಿಂದ ಗೋಡೆಗೆ ಬಿಗಿಯಾಗಿ ಕೂಡಿಸಿದ ವಾರ್ಡ್‌ರೋಬ್ ಒಂದೇ ವರ್ಷಕ್ಕೆ ಓರೆಯಾದದ್ದನ್ನು ನಾನೇ ನೋಡಿದ್ದೇನೆ. ಇಲ್ಲಿ ಕೆಲಸ ಮಾಡುವವರಿಗೆ ಇದೆಲ್ಲ ಮೊದಲೇ ಗೊತ್ತಿರಬೇಕು, ಅಲ್ವಾ?

ಅಣ್ಣನ ಮಗ ಕಂಪನಿ ಶುರು ಮಾಡಿದಾಗ ಆ ಉಬ್ಬಿದ ಬೋರ್ಡಿನ ತುಂಡನ್ನು ನಮ್ಮ ಮನೆಯಿಂದಲೇ ಒಯ್ದ. ಈಗಲೂ ಆಫೀಸಿನಲ್ಲಿ ಗಿರಾಕಿಗಳಿಗೆ ತೋರಿಸುತ್ತಾನೆ. ಅವನ ಕೊಟೇಶನ್‌ನಲ್ಲಿ ಎಲ್ಲವೂ ಬರವಣಿಗೆಯಲ್ಲಿರುತ್ತದೆ. ಸಿಂಕ್ ಕೆಳಗೆ ಐಎಸ್ 710 ಪ್ಲೈವುಡ್, ಅಂದರೆ 72 ತಾಸು ಕುದಿಯುವ ನೀರಿನಲ್ಲಿಟ್ಟರೂ ಪದರ ಬಿಡದಂಥದ್ದು. ನೀರು ತಾಗದ ಕಡೆ ಅದಕ್ಕಿಂತ ಅಗ್ಗದ್ದು. ದಪ್ಪ ಎಷ್ಟು, ಕೀಲು ಯಾವ ಕಂಪನಿಯದು, 18% ಜಿಎಸ್‌ಟಿ ಸೇರಿ ಒಟ್ಟು ಎಷ್ಟು. ತ್ರೀಡಿ ಚಿತ್ರ ಈಗ ಯಾರು ಬೇಕಾದರೂ ತೋರಿಸುತ್ತಾರೆ. ಜನ ಇವನ ಹತ್ತಿರ ಬಂದದ್ದು ಈ ಕೊಟೇಶನ್ ಹಾಳೆ ನೋಡಿ. ಇನ್ನೊಂದು ಕಾರಣ, ಮೊದಲ ಮಳೆಗಾಲ ಮುಗಿದ ಮೇಲೆ ಅವನ ಹುಡುಗರು ಪ್ರತಿ ಮನೆಗೂ ಮತ್ತೆ ಹೋಗುತ್ತಾರೆ. ಯಾರೂ ಕರೆಯದಿದ್ದರೂ ಹೋಗುತ್ತಾರೆ. ಓರೆಯಾದ ಬಾಗಿಲು ಸರಿ ಮಾಡಿ ಬರುತ್ತಾರೆ.

ನಮ್ಮ ಅಡಿಗೆಮನೆಯನ್ನು ಅವನೇ ಮತ್ತೆ ಮಾಡಿಕೊಟ್ಟ. ಆಗ ಅಳತೆಗೆ ಅವನ ಜೊತೆ ಬಂದವರು ಬಡಿಗೇರ ಕಾಕಾ. ನಮ್ಮ ಮನೆಯ ಹಳೇ ಬಾಗಿಲು, ದಾಂಡೇಲಿ ಸಾಗವಾನಿಯದು, ಅವರ ಅಪ್ಪನೇ ಮಾಡಿದ್ದು. ಡಿಸೈನ್ ಹುಡುಗಿ ಕಟ್ಟೆ 34 ಇಂಚು ಅಂತ ಬರೆದುಕೊಂಡಿದ್ದಳು. ಕಾಕಾ ನನ್ನನ್ನು ನೋಡಿ, "ಅಕ್ಕಾರ, ನೀವು ರೊಟ್ಟಿ ತಟ್ಟೂದು ನಿಂತೋ, ಕುಂತೋ?" ಅಂತ ಕೇಳಿದರು. ನಿಂತು ಅಂದೆ. ಹಿಟ್ಟು ತಟ್ಟುವ ಹಾಗೆ ಕೈ ಆಡಿಸಿ ತೋರಿಸಿ ಅಂದರು, ಭುಜದಿಂದ ಅಂಗೈವರೆಗೆ ನೋಡಿದರು. ರೊಟ್ಟಿ ತಟ್ಟುವ ಜಾಗ ಮಾತ್ರ 30 ಇಂಚಿಗೆ ಇಳಿಸಿದರು. ದಿನಾ ಹದಿನೈದು ರೊಟ್ಟಿ ತಟ್ಟುವ ನನಗೆ ಆ ನಾಲ್ಕು ಇಂಚಿನ ಬೆಲೆ ಗೊತ್ತು. ಹೆಗಲು ನೋವು ನಿಂತಿತು.

ಆಮೇಲೆ ಅವರು ಕೇಳಿದ್ದು ನೀರಿನ ಬಗ್ಗೆ. ನಮ್ಮ ಅವಳಿ ನಗರಕ್ಕೆ ಮಲಪ್ರಭೆಯ ನೀರು ಬರುತ್ತದೆ. 2008ರಿಂದ ಕೆಲವು ವಾರ್ಡುಗಳಲ್ಲಿ 24 ತಾಸೂ ನೀರು ಇದೆ. ಉಳಿದ ಕಡೆ ನಲ್ಲಿ ಬರುವ ದಿನಕ್ಕೆ ಕಾಯಬೇಕು. ಕೊಡ, ಬಿಂದಿಗೆ, ಡ್ರಮ್ ಎಲ್ಲಾ ತುಂಬಿಡಬೇಕು. ಯಾವ ಕ್ಯಾಟಲಾಗಿನ ಅಡಿಗೆಮನೆಯಲ್ಲೂ ಆರು ಕೊಡ ಇಡುವ ಜಾಗ ನಾನು ಕಂಡಿಲ್ಲ. ಕಾಕಾ ಕಟ್ಟೆ ಕೆಳಗೆ ಎರಡು ಖಾನೆ ಖಾಲಿ ಬಿಡಿಸಿ, ಕಡಪಾ ಕಲ್ಲು ಹಾಸಿಸಿದರು. ವರ್ಷದ ಬ್ಯಾಡಗಿ ಖಾರದ ಪುಡಿಗೆ, ಜೋಳದ ಹಿಟ್ಟಿನ ಡಬ್ಬಕ್ಕೆ ಆಳವಾದ ಡ್ರಾಯರ್.

ಫ್ರಾಂಚೈಸಿ ಮಾತಿಗೆ ನನಗೆ ಹೆದರಿಕೆ ಆಗಿದ್ದು ಇದಕ್ಕೇ. ಬೇರೆ ಊರಿನಲ್ಲಿ ಕಾಕಾನ ಹಾಗೆ ಕೇಳಿ ಅಳೆಯುವವರು ಯಾರು? ಬೆಳೆಯಬೇಡ ಅಂತ ನಾನು ಹೇಳುವುದಿಲ್ಲ. ಬೆಂಗಳೂರಿನಲ್ಲಿ 2014ರಲ್ಲಿ ಶುರುವಾದ ಇಂಟೀರಿಯರ್ ಕಂಪನಿ ಲಿವ್‌ಸ್ಪೇಸ್‌ಗೆ 2022ರಲ್ಲಿ ಅಮೆರಿಕದ ಹೂಡಿಕೆ ಕಂಪನಿ ಕೆಕೆಆರ್ ಮುಂದೆ ನಿಂತು, ಬೇರೆಯವರೂ ಸೇರಿ 18 ಕೋಟಿ ಡಾಲರ್ ಹಾಕಿದರು. ಇದು ದೊಡ್ಡ ಉದ್ಯೋಗ, ನಮ್ಮ ಹುಡುಗರೂ ಮಾಡಲಿ. ಆದರೆ ಅವರ ಹಿಂದೆ ಅಷ್ಟು ಬಂಡವಾಳ ಇದೆ. ಇವನ ಹಿಂದೆ ಇರುವುದು ಗಿರಾಕಿಗಳ ಅಡ್ವಾನ್ಸು. ಅರ್ಧ ದುಡ್ಡು ಮೊದಲೇ ಬರುತ್ತದೆ. ಕೈಯಲ್ಲಿ ದುಡ್ಡು ಆಡುತ್ತದೆ, ಲಾಭದ ಹಾಗೆ ಕಾಣುತ್ತದೆ. ಕೇಶ್ವಾಪುರದ ಮನೆಯ ಅಡ್ವಾನ್ಸಿನಲ್ಲಿ ನವನಗರದ ಮನೆಗೆ ಪ್ಲೈವುಡ್ ತಂದರೆ, ಮುಂದೆ ಹೊಸ ಆರ್ಡರ್ ನಿಂತ ದಿನ ಎರಡೂ ಮನೆ ಅರ್ಧಕ್ಕೆ ನಿಲ್ಲುತ್ತವೆ. ಅದಕ್ಕೇ ಅವನಿಗೆ, ಒಂದೊಂದು ಮನೆಯ ದುಡ್ಡಿಗೂ ಬೇರೆ ಲೆಕ್ಕ ಇಡು ಅಂದೆ.

ಇನ್ನೊಂದು, ಫ್ರಾಂಚೈಸಿ ತಗೊಂಡವರು ಮಳೆಗಾಲ ಮುಗಿದ ಮೇಲೆ ಮತ್ತೆ ಮನೆಗೆ ಹೋಗುತ್ತಾರಾ? ಹೆಸರು ಇವನದು, ಬೋರ್ಡು ಯಾರೋ ತಂದದ್ದು. ಅದರ ಬದಲು ಶೆಡ್ಡಿನಲ್ಲಿ ಪಳಗಿದ ಹುಡುಗನನ್ನು ಸಂಬಳದ ಮೇಲೆ ಆ ಊರಿಗೆ ಕಳಿಸಲಿ. ಇವನ ಹತ್ತಿರ ರಾಜಸ್ಥಾನದಿಂದ ಬಂದ ಆರು ಬಡಗಿಗಳಿದ್ದಾರೆ, ಕೆಲಸ ಕಣ್ಣಿಗೆ ಕಟ್ಟುವ ಹಾಗೆ ಮಾಡುತ್ತಾರೆ. ಅವರಿಗೂ ಕಾಕಾನಿಗೂ ಪಿಎಫ್ ಸೇರಿ ತಿಂಗಳ ಸಂಬಳ ಸಿಗುತ್ತದೆ. ಕಾಕಾನ ಮಗ ಉಳಿ ಹಿಡಿಯಲಿಲ್ಲ, ಮೊಮ್ಮಗ ಈಗ ಶೆಡ್ಡಿನಲ್ಲಿ ಮಷಿನ್ ನಡೆಸುವುದು ಕಲಿಯುತ್ತಿದ್ದಾನೆ. ನನಗೆ ಈ ಕಂಪನಿ ಬೆಳೆದಿದೆ ಅನ್ನಿಸುವುದು ಆ ಹುಡುಗನನ್ನು ನೋಡಿದಾಗ.

ಅಣ್ಣನ ಮಗ ಎರಡು ದಿನ ಸುಮ್ನೆ ಇದ್ದ. ಮೂರನೇ ದಿನ ಫೋನ್ ಮಾಡಿ, ಬೆಳಗಾವಿ ಒಂದೇ ನೋಡೋಣು, ಉಳಿದ ಎರಡು ಮುಂದಿನ ವರ್ಷ ಅಂದ. ಈ ರವಿವಾರ ಗದಗಿನಲ್ಲಿ ಒಂದು ಹಳೇ ಮನೆ ನೋಡಲಿಕ್ಕೆ ಹೋಗುತ್ತಿದ್ದಾನೆ. ಆ ಮನೆಯ ಅಜ್ಜಿ ಇನ್ನೂ ಕುಂತೇ ರೊಟ್ಟಿ ತಟ್ಟುತ್ತಾರಂತೆ. ಜೊತೆಗೆ ಕಾಕಾನನ್ನೂ ಕರೆದುಕೊಂಡು ಹೋಗುತ್ತಾನೆ.