ಯಾವ ಗೋಡೆಗೆ ಹಿಡೀತೀಯೋ ಮಾರಾಯ?

ನಿನ್ನೆ ಸಾಗರದಲ್ಲಿ ಉಪನಯನದ ಊಟ. ಅಪ್ಪೆಹುಳಿ ಲೋಟ ಬಾಯಿಗಿಟ್ಟಿದ್ದೆ ಅಷ್ಟೇ, ಪಕ್ಕದಲ್ಲಿ ಕೂತಿದ್ದ ತಂಗಿ ಮಗ ಶುರುಮಾಡಿದ. ಬೆಂಗಳೂರಲ್ಲಿ ಸಾಫ್ಟ್‌ವೇರು, ಗೊತ್ತಲ್ಲ. ಮುಂದೆ ಒಂದು ಯಂತ್ರ ಬರತ್ತಂತೆ. ಹಳೇ ಗೋಡೆಗೋ ಕಲ್ಲಿಗೋ ಟಾರ್ಚ್ ಬಿಟ್ಟ ಹಾಗೆ ಹಿಡಿದರೆ ಸಾಕು, ಅಲ್ಲಿ ಯಾವತ್ತೋ ಆಡಿದ ಮಾತಿನ ಮಾರ್ದನಿಯೆಲ್ಲ ಹೊರಗೆ ಬರತ್ತಂತೆ. ಬೇಕಾದ ವರ್ಷಕ್ಕೆ ತಿರುಗಿಸೋದು, ಕೇಳೋದು.

ಪಂಕ್ತಿಗೆ ಪಂಕ್ತಿಯೇ ಕುಣಿದುಬಿಡ್ತು. ಒಬ್ಬರಿಗೆ ಶಿವಪ್ಪ ನಾಯಕನ ಆಸ್ಥಾನ ಕೇಳಬೇಕು. ಇನ್ನೊಬ್ಬರಿಗೆ 1951ರ ಕಾಗೋಡು ಸತ್ಯಾಗ್ರಹದ ಘೋಷಣೆ, ಲೋಹಿಯಾ ದನಿ. ಎದುರಿಗೆ ಕೂತವರಿಗೆ ಅಡಿಕೆ ಮಂಡಿಯಲ್ಲಿ ಅವರಪ್ಪನ ತೂಕಕ್ಕೆ ಕೈ ಹಾಕಿದ್ದು ಯಾರು ಅಂತ ಗೊತ್ತಾಗಬೇಕಂತೆ. (ಇದೊಂದು ಮಾತ್ರ ನ್ಯಾಯವಾದ ಬೇಡಿಕೆ.)

ನನಗೆ ಪಿತ್ತ ನೆತ್ತಿಗೇರಿತು. ಮೂವತ್ತು ವರ್ಷ ವಿಜ್ಞಾನ ಪಾಠ ಮಾಡಿದವನ ಪಕ್ಕ ಕೂತು ಇಂಥದ್ದು! ಆಡಿದ ಮಾತು ಕಲ್ಲಲ್ಲಿ ಉಪ್ಪಿನಕಾಯಿ ಹಾಕಿಟ್ಟ ಹಾಗೆ ಕೂತಿರೋದಿಲ್ಲ ಕಣೋ, ಒಂಚೂರು ಬಿಸಿಯಾಗಿ ಕರಗಿಹೋಗತ್ತೆ. ಮಾರ್ದನಿ ಬೇರೆಯಾಗಿ ಕೇಳಬೇಕಾದರೂ ಎದುರಿಗೆ ಸುಮಾರು 17 ಮೀಟರ್ ಆಚೆ ಗೋಡೆಯೋ ಗುಡ್ಡವೋ ಇರಬೇಕು. ಒಂಬತ್ತನೇ ಕ್ಲಾಸಿನ ಪಾಠ. ಗೋಡೆಯೇ ಇಲ್ಲದವರು ಯಾವುದಕ್ಕೆ ಹಿಡೀಬೇಕು?

ಅವನೂ ಓದಿಕೊಂಡೇ ಬಂದಿದ್ದ. ಗಾಳಿಯೇ ಒಂದು ದೊಡ್ಡ ಗ್ರಂಥಾಲಯ, ಆಡಿದ್ದೆಲ್ಲ ಅದರಲ್ಲಿ ಬರೆದಿಟ್ಟಿರತ್ತೆ ಅಂತ ಕಂಪ್ಯೂಟರಿನ ಪಿತಾಮಹ ಬ್ಯಾಬೇಜ್ 1837ರಲ್ಲೇ ಹೇಳಿದ್ದನಂತೆ. ಹೇಳಿದ್ದ, ಸರಿ. 1860ರಲ್ಲಿ ಫ್ರಾನ್ಸಿನ ಸ್ಕಾಟ್ ಅನ್ನೋನು ಮಸಿ ಹಿಡಿದ ಕಾಗದದ ಮೇಲೆ ಗೀಚಿಸಿದ್ದ ಹಾಡನ್ನ 2008ರಲ್ಲಿ ಕಂಪ್ಯೂಟರಿಗೆ ಹಾಕಿ ಕೇಳಿದರಂತೆ. ಅದೂ ಸರಿ. ಆದರೆ ಅಲ್ಲಿ ಕಾಗದ ಇತ್ತು, ಮಸಿ ಇತ್ತು, ಹಿಡಿದಿಡಬೇಕು ಅಂತ ಹಟ ಹಿಡಿದ ಒಬ್ಬ ಮನುಷ್ಯ ಇದ್ದ. ನಮ್ಮ ಅಡುಗೆಮನೆ ಮಸಿಗೆ ಅಷ್ಟೆಲ್ಲ ಬುದ್ಧಿ ಇರಲಿಲ್ಲ.

ಆ ಅಡುಗೆಮನೆ ಎಲ್ಲಿದೆ ಅಂತ ನಿಮಗೆಲ್ಲ ಗೊತ್ತೇ ಇದೆ. ಶರಾವತಿ ಹಿನ್ನೀರಿನ ಅಡಿಗೆ, 1964ರಿಂದ. ಲಿಂಗನಮಕ್ಕಿ ಅಣೆಕಟ್ಟಿನ ನೀರು ನಮ್ಮಂಥವರ ಮನೆಯನ್ನಷ್ಟೇ ಅಲ್ಲ, 1948ರಲ್ಲಿ ಕಟ್ಟಿದ್ದ ಮಡೇನೂರಿನ ಹಿರೇಭಾಸ್ಕರ ಅಣೆಕಟ್ಟನ್ನೇ ನುಂಗಿ ಕೂತಿದೆ. ಬೇಸಿಗೆಯಲ್ಲಿ ನೀರು ತೀರಾ ಇಳಿದಾಗ ಅದು ತಲೆ ಎತ್ತತ್ತೆ. ಜನ ಹೋಗಿ ಸೆಲ್ಫಿ ತಗೋತಾರೆ. ಆವಾಗ ಎಬ್ಬಿಸಿ ಬೇರೆ ಕಡೆ ಕೂರಿಸಿದ ಜಮೀನಿನ ಹಕ್ಕುಪತ್ರಕ್ಕೆ ಸಂತ್ರಸ್ತರು ಇವತ್ತಿಗೂ ಕೂಗ್ತಾನೇ ಇದ್ದಾರೆ. ಅದನ್ನ ಕೇಳೋಕೆ ಯಾವ ಯಂತ್ರ ಬೇಕೋ ಕಾಣೆ.

ನಮ್ಮಲ್ಲಿ ದೂರ ಅಳೆಯೋದೇ ಕೂಗಳತೆಯಲ್ಲಿ ಅಲ್ಲವಾ? ಮನೆ ಮೇಲೆ, ತೋಟ ಕೆಳಗೆ, ಎದುರಿಗೆ ಗುಡ್ಡ. ಊಟದ ಹೊತ್ತಿಗೆ ಅಮ್ಮ ಅಂಗಳದ ತುದಿಗೆ ಬಂದು, ಸೆರಗಿಗೆ ಕೈ ಒರೆಸಿಕೊಂಡು, ಒಂದು ಕೂ ಹಾಕೋಳು. ಗುಡ್ಡ ಇನ್ನೊಂದು ಹಾಕೋದು. ಅಮ್ಮನ ಕೂಗಿಗೆ ನಾನು ಎದ್ದವನೇ ಅಲ್ಲ. ಗುಡ್ಡ ಕರೆದ ಮೇಲೇ ಹಳ್ಳದಿಂದ ಮೇಲೆ ಬರ್ತಿದ್ದೆ. ಆಗ ನನಗೆ ಐದೋ ಆರೋ ವರ್ಷ. ಹೊಸ ಜಾಗದಲ್ಲಿ ಎದುರಿಗೆ ಬರೀ ಬಯಲು. ಅಲ್ಲಿಯೂ ಎರಡು ದಿನ ಕೂಗಿದಳು. ತಿರುಗಿ ಏನೂ ಬರಲಿಲ್ಲ. ಮೂರನೇ ದಿನದಿಂದ ತಟ್ಟೆ ಬಡಿಯೋಕೆ ಶುರುಮಾಡಿದಳು.

ಇದನ್ನೆಲ್ಲ ಪಂಕ್ತಿಯಲ್ಲಿ ಹೇಳಲಿಲ್ಲ. "ಗೋಡೆ ಇದ್ದವರಿಗಷ್ಟೇ ಕಣೋ ನಿನ್ನ ಯಂತ್ರ, ನಮ್ಮಂಥವರಿಗಲ್ಲ" ಅಂತ ಜೋರಾಗಿಯೇ ಗದರಿದೆ. ಬಡಿಸೋರು ಹೆದರಿ ನನಗೆ ಪಾಯಸ ಹಾಕದೇ ಮುಂದೆ ಹೋದರು. ಅದೊಂದು ಸಿಟ್ಟು ಬೇರೆ.

ಒಪ್ಪಿಕೊಳ್ಳಬೇಕಾದ್ದು ಒಂದಿದೆ. ಗುಡ್ಡ ಪೂರ್ತಿ ಮುಳುಗಿಲ್ಲ. ನೆತ್ತಿ ಮಾತ್ರ ನಡುಗಡ್ಡೆಯಾಗಿ ಉಳಿದಿದೆ. ಕೈ ತೊಳೆಯೋ ಕಡೆ ಹುಡುಗ ಒಬ್ಬನೇ ಸಿಕ್ಕಿದ. ಅತ್ತಿತ್ತ ನೋಡಿ ಮೆಲ್ಲಗೆ ಕೇಳಿದೆ, "ಅಲ್ಲವೋ, ಮುಕ್ಕಾಲು ನೀರಲ್ಲಿರೋ ಗುಡ್ಡಕ್ಕೆ ಹಿಡಿದರೆ ಬರತ್ತಾ?"

"ವಾಟರ್‌ಪ್ರೂಫ್ ಮಾಡ್ಸೋಣ ಬಿಡಿ ಮಾವ" ಅಂದು ಕವಳ ಹುಡುಕ್ಕೊಂಡು ಹೋದ.