ಒಬ್ಬನಿಂದ ಆಗದ ಮಾಯೆ

ಎರಡು ವರ್ಷದಿಂದ ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಾ ಇದ್ದೇನೆ. ಅದರಲ್ಲಿ ಮಾಯೆ ನಡೆಯುವುದು ಹಾಡು, ತಾಳ, ಕುಣಿತದಿಂದ. ಮೊದಲ ಮೂರು ಅಧ್ಯಾಯ ಓದಿದ ಗೆಳೆಯ ಮೊನ್ನೆ ಮಂಗಳೂರಿನ ಕದ್ರಿಯಲ್ಲಿ ಸಿಕ್ಕಿ ಕೇಳಿದ: "ಮಾರಾಯ, ನಿನ್ನ ಹೀರೋ ಒಬ್ಬನೇ ನಿಂತು ಮಂತ್ರ ಹೇಳಿದ್ರೆ ಸಾಕಲ್ವಾ? ಹಿಂದೆ ಮೂರು ಜನ ಎಂತಕ್ಕೆ?" ಆಗ ಸರಿಯಾಗಿ ಉತ್ತರ ಕೊಡಲು ಆಗಲಿಲ್ಲ. ಇಲ್ಲಿ ಬರೆಯುತ್ತೇನೆ.

ಸಣ್ಣವನಿದ್ದಾಗ ನಮ್ಮೂರಿನ ಗದ್ದೆಯಲ್ಲಿ ಹರಕೆಯ ಆಟ, ಅಂದರೆ ಯಕ್ಷಗಾನ. ದೇವಿ ಮಹಾತ್ಮೆ ಪ್ರಸಂಗ. ಅಜ್ಜಿಯ ಮಡಿಲಲ್ಲಿ ನಿದ್ದೆ ಹೋಗಿದ್ದೆ. ನಡುರಾತ್ರಿ ಚೆಂಡೆಯ ಸದ್ದಿಗೆ ಎಚ್ಚರವಾಯಿತು. ಮಹಿಷಾಸುರ ರಂಗದಿಂದ ಬರಲಿಲ್ಲ. ನಮ್ಮ ಬೆನ್ನ ಹಿಂದಿನಿಂದ, ಜನರ ನಡುವೆಯೇ ಬಂದ. ಎರಡೂ ಬದಿಯಲ್ಲಿ ದೊಂದಿ, ಉರಿಯುವ ಪಂಜು. ಯಾರೋ ರಾಳದ ಪುಡಿ ಎರಚಿದರು, ಬೆಂಕಿ ಭಗ್ಗನೆ ಎದ್ದಿತು. ಆ ಬೆಳಕಿನಲ್ಲಿ ಎರಡು ಕೊಂಬು ಕಂಡದ್ದೇ, ಅಜ್ಜಿಯ ಸೆರಗು ಹಿಡಿದು ಕಿರುಚಿದೆ. ತುಂಬಾ ವರ್ಷ ಆ ಕೊಂಬೇ ನನ್ನ ಪಾಲಿಗೆ ಮಾಯೆ ಆಗಿತ್ತು. ಆದರೆ ನನ್ನನ್ನು ನಿದ್ದೆಯಿಂದ ಎಬ್ಬಿಸಿದ್ದು ಚೆಂಡೆ ಅಲ್ವಾ? ಇದು ಹೊಳೆಯಲು ನನಗೆ ಮೂವತ್ತು ದಾಟಬೇಕಾಯಿತು.

ಯಕ್ಷಗಾನದಲ್ಲಿ ಪದ ಹಾಡಿ ಆಟ ನಡೆಸುವ ಭಾಗವತರನ್ನು ಮೊದಲನೇ ವೇಷ ಅನ್ನುತ್ತಾರೆ. ಮುಖಕ್ಕೆ ಬಣ್ಣ ಇಲ್ಲ, ಕಿರೀಟ ಇಲ್ಲ, ಆದರೂ ಅವರೇ ಮೊದಲು. ಅವರು ಪದ ಎತ್ತದೆ ಯಾವ ದೇವೇಂದ್ರನೂ ಕುಣಿಯುವ ಹಾಗಿಲ್ಲ. ಬೆಳಗಾಗುತ್ತಾ ಬಂದರೆ ಯಾವ ಪದ್ಯ ಬಿಡಬೇಕು, ಯಾವುದನ್ನು ಎಳೆಯಬೇಕು ಎಂದು ತೀರ್ಮಾನಿಸುವುದೂ ಅವರೇ. ಅಂದರೆ ಆ ಲೋಕದ ಹೊತ್ತು ಅವರ ಕೈಯಲ್ಲಿದೆ. ನಮ್ಮ ಪಕ್ಕದ ಮನೆಯಲ್ಲಿ ಮದ್ದಳೆ ಬಾರಿಸುವ ಅಜ್ಜ ಒಬ್ಬರಿದ್ದರು. ಬೆರಳ ತುದಿಯೆಲ್ಲ ಗಂಟು ಕಟ್ಟಿ ಕಲ್ಲಿನ ಹಾಗೆ ಆಗಿತ್ತು. "ನಾನು ವೇಷದ ಮುಖ ನೋಡುದಿಲ್ಲ ಮಗಾ, ಕಾಲು ನೋಡುದು" ಅನ್ನುತ್ತಿದ್ದರು. ಕುಣಿಯುವವನು ಭಾಗವತರ ತಾಳ ಕೇಳುತ್ತಾನೆ, ಮದ್ದಳೆಯವರು ಅವನ ಕಾಲು ನೋಡುತ್ತಾರೆ, ಭಾಗವತರು ಇಬ್ಬರನ್ನೂ ನೋಡುತ್ತಾರೆ. ಒಬ್ಬ ತಪ್ಪಿದರೆ ಎಲ್ಲವೂ ಬಿತ್ತು.

ನನ್ನ ಕಥೆಯ ಮಾಯೆ ಇದೇ. ಒಬ್ಬನ ಕೈಯಲ್ಲಿ ಕೋಲು ಕೊಟ್ಟು ಅವನನ್ನೇ ಮಹಾ ಶಕ್ತಿವಂತ ಮಾಡುವ ಕಥೆಗಳನ್ನು ನಾನೂ ಓದಿ ಬೆಳೆದವನು. ನಮ್ಮ ಮಣ್ಣಿನಲ್ಲಿ ಕೂತು ಅದನ್ನೇ ಮತ್ತೆ ಬರೆಯಲು ಮನಸ್ಸು ಒಪ್ಪುವುದಿಲ್ಲ.

ಇನ್ನೊಂದು ವಿಷಯ ನನಗೆ ತುಂಬಾ ಇಷ್ಟ. ಪದ್ಯ ಪ್ರಸಂಗದಲ್ಲಿ ಬರೆದಿಟ್ಟದ್ದು. ಅರ್ಥ, ಅಂದರೆ ಪದ್ಯದ ನಂತರ ಪಾತ್ರ ಆಡುವ ಮಾತು, ಮಾತ್ರ ಆ ಹೊತ್ತಿನದ್ದು, ಬಾಯಿಪಾಠ ಅಲ್ಲ. ಅದೇ ಪದ್ಯಕ್ಕೆ ಇವತ್ತಿನ ಕರ್ಣ ಅಳಬಹುದು, ನಾಳೆಯ ಕರ್ಣ ಸಿಡಿದು ಬೀಳಬಹುದು. ನನ್ನ ಕಥೆಯಲ್ಲೂ ಹಾಡು ಬದಲಾಗುವುದಿಲ್ಲ. ಹಾಡಿನ ನಂತರ ಏನು ಮಾತಾಡಿದೆ ಅನ್ನುವುದರ ಮೇಲೆ ಬಾಗಿಲು ತೆರೆಯುತ್ತದೆ, ಇಲ್ಲವೇ ಮನೆ ಸುಡುತ್ತದೆ.

ಬೆಲೆಯೂ ಬೇಕು. ಚೌಕಿಯಲ್ಲಿ, ಅಂದರೆ ಬಣ್ಣ ಹಚ್ಚುವ ಜಾಗದಲ್ಲಿ, ಬಣ್ಣದ ವೇಷದವರು, ಅಂದರೆ ರಾಕ್ಷಸ ಪಾತ್ರದವರು, ಮುಖಕ್ಕೆ ಚಿಟ್ಟಿ ಇಡುವುದನ್ನು ನೋಡಿದ್ದೀರಾ? ಅಕ್ಕಿ ಹಿಟ್ಟಿನ ಮುಳ್ಳು, ಒಂದೊಂದಾಗಿ, ಕನ್ನಡಿ ಹಿಡಿದು, ಗಂಟೆಗಟ್ಟಲೆ. ಅದು ಒಣಗಿದ ಮೇಲೆ ಮುಖ ಸಡಿಲ ಬಿಟ್ಟು ನಗುವ ಹಾಗೂ ಇಲ್ಲ. ರಾಕ್ಷಸ ಆಗುವುದು ಅಷ್ಟು ಸುಲಭ ಅಲ್ಲ.

ಕೆಲವರು ಸಲಹೆ ಕೊಟ್ಟರು, ದೈವವನ್ನು ಆರಾಧಿಸುವ ಭೂತಕೋಲವನ್ನೇ ತಗೋ, ಈಗ ಅದಕ್ಕೇ ಡಿಮ್ಯಾಂಡ್ ಜಾಸ್ತಿ ಅಂತ. ಇಲ್ಲ. ಆಟದ ವೇಷಧಾರಿ ಬೆಳಿಗ್ಗೆ ಬಣ್ಣ ತೆಗೆದು ನಮ್ಮ ಜೊತೆ ಕೂತು ಚಾ ಕುಡಿಯುತ್ತಾನೆ. ಅದು ಆಟ ಎಂದು ಅವನಿಗೂ ಗೊತ್ತು, ನಮಗೂ ಗೊತ್ತು. ದೈವದ ಎದುರು ನಮ್ಮ ಅಮ್ಮಂದಿರು ಮಕ್ಕಳ ಕಾಯಿಲೆ, ಜಾಗದ ತಕರಾರು ಹೇಳಿಕೊಂಡು ಕಣ್ಣೀರು ಹಾಕುತ್ತಾರೆ. ಆ ನುಡಿಯನ್ನು ನಂಬಿ ಮನೆಗೆ ಹೋಗುತ್ತಾರೆ. ಅದನ್ನು ನನ್ನ ಹೀರೋನ ಪವರ್ ಮಾಡಲು ನನ್ನಿಂದ ಆಗುವುದಿಲ್ಲ. ಬರೆಯುವ ಬೇರೆಯವರಲ್ಲೂ ನನ್ನ ಕೋರಿಕೆ ಅದೇ.

ಆದರೆ ಪತ್ತನಾಜೆಯನ್ನು ಮಾತ್ರ ತೆಗೆದುಕೊಂಡಿದ್ದೇನೆ. ತುಳುವಿನ ಬೇಶ ತಿಂಗಳ ಹತ್ತನೇ ದಿನ, ಅಂದರೆ ಮೇ 24ರ ಆಸುಪಾಸು, ಯಕ್ಷಗಾನದ ತಂಡಗಳಾದ ಮೇಳಗಳು ಗೆಜ್ಜೆ ಬಿಚ್ಚುತ್ತವೆ. ಮಳೆಗಾಲ ಮುಗಿಯುವವರೆಗೆ ತಿರುಗಾಟ ಇಲ್ಲ. ನನ್ನ ಲೋಕದಲ್ಲೂ ಆ ದಿನದಿಂದ ಕುಣಿತದ ಶಕ್ತಿ ಮಲಗುತ್ತದೆ. ಶತ್ರು ಬರುವುದು ಸರಿಯಾಗಿ ತುಳುವಿನ ಆಟಿ ತಿಂಗಳಲ್ಲಿ, ಜಡಿಮಳೆಯಲ್ಲಿ. ಗೆಜ್ಜೆ ಪೆಟ್ಟಿಗೆಯಲ್ಲಿದೆ. ಉಳಿದಿರುವುದು ತಾಳಮದ್ದಳೆ ಮಾತ್ರ: ವೇಷ ಇಲ್ಲ, ಕುಣಿತ ಇಲ್ಲ, ಕೂತಲ್ಲೇ ಪದ್ಯ ಮತ್ತು ಮಾತು. ಹಂಚಿನ ಮೇಲೆ ಮಳೆ ಎಷ್ಟು ಜೋರೆಂದರೆ ಭಾಗವತರ ಸ್ವರ ಸರಿಯಾಗಿ ಕೇಳುತ್ತಿಲ್ಲ. ನನ್ನ ಹೀರೋ ಮದ್ದಳೆಯವರ ಬೆರಳು ನೋಡಿಕೊಂಡು ಅರ್ಥ ಶುರು ಮಾಡಬೇಕು. ನಿನ್ನೆ ರಾತ್ರಿ ಅಲ್ಲಿಯವರೆಗೆ ಬರೆದಿದ್ದೇನೆ.