ಕೊಟ್ಟಿಗೆ ಬಾಗಿಲಿನ ಹಿಂದೆ ಸ್ನಾನ

ಅಮೆರಿಕದ ಡೆನ್ವರ್‌ನಲ್ಲಿರುವ ನಮ್ಮ ಅಳಿಯನಿಗೆ ಒಂದು ಒಳ್ಳೆಯ ಗುಣವಿದೆ, ಒಂದು ಕೆಟ್ಟ ಗುಣವಿದೆ. ಅತ್ತೆ ಮಾವ ಎಂದರೆ ಅವನಿಗೆ ಅಕ್ಕರೆ, ಇದು ಒಳ್ಳೆಯದು. ಆ ಅಕ್ಕರೆಯನ್ನು ಅವನು ಕ್ರೆಡಿಟ್ ಕಾರ್ಡಿನ ಪಾಯಿಂಟುಗಳಲ್ಲಿ ತೋರಿಸುತ್ತಾನೆ, ಇದು ಕೆಟ್ಟದ್ದು. ಫೆಬ್ರುವರಿಯಲ್ಲಿ ನಮ್ಮ ಮದುವೆಯಾಗಿ 35 ವರ್ಷ ತುಂಬಿತು. "ಆಸ್ಪೆನ್‌ನಲ್ಲಿ ಎರಡು ರಾತ್ರಿ ಇದ್ದು ಬರೋಣ ಮಾವ, ಹೋಟೆಲ್ ಗೊತ್ತು ಮಾಡಿಯಾಗಿದೆ" ಎಂದ. ಆಸ್ಪೆನ್ ಎಂದರೆ ಹಿಮದ ಮೇಲೆ ಜಾರುವ ಸ್ಕೀ ಆಟಕ್ಕೆ ಹೆಸರಾದ ಬೆಟ್ಟದೂರು.

ಸಾಗರದ ಕಡೆಯವನಾದ ನನಗೆ ಹೋಟೆಲ್ ಎಂದರೆ ಇಡ್ಲಿ ವಡೆ ಸಿಗುವ ಜಾಗ. ರಾತ್ರಿ ಮಲಗುವ ಜಾಗಕ್ಕೆ ನಾವು ಲಾಡ್ಜ್ ಎನ್ನುತ್ತೇವೆ. ಬಾಡಿಗೆ ಎಷ್ಟು ಎಂದು ಕೇಳಿದೆ. ಮಗಳು ಕಿಟಕಿಯಾಚೆ ನೋಡತೊಡಗಿದಳು. ಅಳಿಯ "ಪಾಯಿಂಟು, ಮಾವ" ಎಂದ. ಮೂವತ್ತು ವರ್ಷ ಬ್ಯಾಂಕಿನ ಕೌಂಟರಿನಲ್ಲಿ ಕೂತವನು ನಾನು. ಪಾಯಿಂಟೂ ಯಾರದೋ ದುಡ್ಡೇ ಎಂಬುದು ಗೊತ್ತಿಲ್ಲದವನಲ್ಲ. ಆದರೂ ಸುಮ್ಮನಾದೆ.

ಆಸ್ಪೆನ್‌ಗೆ ಹತ್ತಿರದ ದಾರಿಯೊಂದಿದೆಯಂತೆ, ಇಂಡಿಪೆಂಡೆನ್ಸ್ ಪಾಸ್ ಎಂಬ 12,095 ಅಡಿ ಎತ್ತರದ ಘಟ್ಟದ ಮೇಲಿಂದ. ಚಳಿಗಾಲ ಪೂರ್ತಿ ಅದಕ್ಕೆ ಬಾಗಿಲು ಹಾಕಿರುತ್ತಾರೆ. ಹಾಗಾಗಿ ಐಸೆನ್‌ಹೋವರ್ ಸುರಂಗ ದಾಟಿ, ಗ್ಲೆನ್‌ವುಡ್ ಸ್ಪ್ರಿಂಗ್ಸ್ ಎಂಬ ಬಿಸಿನೀರಿನ ಬುಗ್ಗೆಗಳ ಊರಿನವರೆಗೆ ಹೋಗಿ, ಅಲ್ಲಿಂದ ಎಡಕ್ಕೆ ತಿರುಗಿ ಸುತ್ತುಬಳಸಿ ಬರಬೇಕು. ಡೆನ್ವರ್ ಇರುವುದು 5,280 ಅಡಿ ಎತ್ತರದಲ್ಲಿ, ಅಳತೆ ಹಿಡಿದಂತೆ ಒಂದು ಮೈಲಿ. ಸುರಂಗ ಇರುವುದು 11,158 ಅಡಿಯಲ್ಲಿ. ಮೇಲೇರಿದಂತೆ ಹೊರಗಿನ ಗಾಳಿಯ ಒತ್ತಡ ಇಳಿಯುತ್ತದೆ, ಡಬ್ಬಿಯೊಳಗಿನ ಗಾಳಿಗೆ ಈ ಸುದ್ದಿ ಮುಟ್ಟಿರುವುದಿಲ್ಲ. ಮೊದಲು ಚಿಪ್ಸ್ ಪೊಟ್ಟಣ ಬಸುರಿಯಂತೆ ಉಬ್ಬಿ ಕೂತಿತು. ಸುರಂಗ ಇನ್ನೇನು ಬಂತು ಎನ್ನುವಾಗ ಡಿಕ್ಕಿಯಿಂದ 'ಟಪ್' ಎಂದು ಸದ್ದಾಯಿತು.

"ರೀ, ಮಿಡಿ!" ಎಂದಳು ನನ್ನ ಹೆಂಡತಿ.

ಅಪ್ಪೆಮಿಡಿ ಉಪ್ಪಿನಕಾಯಿಯ ಡಬ್ಬಿ. ಊರಿನಿಂದ ಮೂರು ಪ್ಲಾಸ್ಟಿಕ್ ಹೊದಿಕೆಯಲ್ಲಿ ಸುತ್ತಿ ತಂದಿದ್ದು. ಡೆನ್ವರ್‌ನಲ್ಲಿ ತೆಗೆದು ಬಳಸಿದ ಮೇಲೆ ಒಂದೇ ಹೊದಿಕೆ ಉಳಿದಿತ್ತು. ಹೋಟೆಲಿನ ಬಾಗಿಲಲ್ಲಿ ಕಾರು ನಿಂತಾಗ, ಉಣ್ಣೆಯ ಟೋಪಿ ಹಾಕಿದ್ದ ಹುಡುಗನೊಬ್ಬ ಓಡಿ ಬಂದು ಡಿಕ್ಕಿ ತೆರೆದ. ಒಂದು ಹೆಜ್ಜೆ ಹಿಂದೆ ಸರಿದ. ನನ್ನ ಚೀಲದ ಮೂಲೆಯಿಂದ ಕೆಂಪು ರಸ ಹನಿಹನಿಯಾಗಿ ಇಳಿದು ಹಿಮದ ಮೇಲೆ ಬೀಳುತ್ತಿತ್ತು. ಪೊಲೀಸರನ್ನು ಕರೆಯುವಂತಹ ದೃಶ್ಯ. ಅಳಿಯ ವಿವರಿಸಿದ. ಹುಡುಗ ನಕ್ಕು ಚೀಲವನ್ನು ಮಗುವಿನಂತೆ ಎರಡೂ ಕೈಯಲ್ಲಿ ಹಿಡಿದು ಒಳಗೊಯ್ದ. ಈ ಹೋಟೆಲುಗಳಲ್ಲಿ ಪಡಸಾಲೆಗೆಂದೇ ಒಂದು ಪರಿಮಳ ಮಾಡಿಸಿರುತ್ತಾರೆ. ಇಲ್ಲಿಯದು ಪೈನ್ ಮರ ಮತ್ತು ಚರ್ಮದ ವಾಸನೆ. ಐದು ನಿಮಿಷದಲ್ಲಿ ನಮ್ಮ ಜೀರಿಗೆ ಮಿಡಿ ಅದನ್ನು ಸೋಲಿಸಿತು.

ಪಡಸಾಲೆಯೇ 7,900 ಅಡಿಯಲ್ಲಿದೆ. ನಮ್ಮ ಮುಳ್ಳಯ್ಯನಗಿರಿಯ ತುದಿಯಲ್ಲಿ ನಿಂತವನೂ 1,600 ಅಡಿ ಕತ್ತೆತ್ತಿ ನೋಡಬೇಕು. ಕೌಂಟರಿನ ಹುಡುಗಿ ಮೊದಲು ಕೊಟ್ಟದ್ದು ಕೀಲಿಯಲ್ಲ, ಎಚ್ಚರಿಕೆ: "ಎತ್ತರದ ಜಾಗ, ಗಾಳಿ ಒಣಗಿರುತ್ತದೆ, ತುಂಬಾ ನೀರು ಕುಡಿಯಿರಿ." ಪಕ್ಕದಲ್ಲಿ ಆಮ್ಲಜನಕ ತುಂಬಿದ ಪುಟ್ಟ ಡಬ್ಬಿಗಳು ಮಾರಾಟಕ್ಕಿದ್ದವು. ಉಸಿರಿಗೂ ಬೆಲೆ ಕಟ್ಟುವ ಊರು ಎಂದುಕೊಂಡು ನಾನು ನೀರನ್ನೇ ಆರಿಸಿಕೊಂಡೆ, ಅದು ಪುಕ್ಕಟೆ. ಈ ನೀರಿನ ವಿಷಯಕ್ಕೆ ಆಮೇಲೆ ಬರುತ್ತೇನೆ.

ಗೋಡೆಗೆಲ್ಲ ಬೂದುಬಣ್ಣದ, ಬಿರುಕು ಬಿಟ್ಟ, ಮೊಳೆಯ ತೂತುಗಳಿರುವ ಹಲಗೆ ಹೊಡೆದಿದ್ದರು. ರಿಪೇರಿ ನಡೆಯುತ್ತಿದೆಯೇನೋ ಎಂದುಕೊಂಡೆ. ಅಲ್ಲವಂತೆ. ಹಳೆಯ ಕೊಟ್ಟಿಗೆಗಳನ್ನು ಹುಡುಕಿ ಬಿಚ್ಚಿ ತಂದ ಹಲಗೆಗಳಂತೆ, ಹೊಸ ಮರಕ್ಕಿಂತ ದುಬಾರಿಯಂತೆ. ಹಳತಕ್ಕೆ ಬೆಲೆ ಬರುವುದು ಈ ಊರಿನ ಚರಿತ್ರೆಯಲ್ಲೇ ಇದೆ ಎಂದು ಅಳಿಯ ಹೇಳಿದ. 1880ರ ದಶಕದಲ್ಲಿ ಇಲ್ಲಿ ಬೆಳ್ಳಿ ಸಿಕ್ಕಿ ಸಾವಿರಾರು ಜನ ಬಂದರು, ಒಪೆರಾ ಮಂದಿರ ಕಟ್ಟಿದರು. 1893ರಲ್ಲಿ ಸರ್ಕಾರ ಬೆಳ್ಳಿ ಕೊಳ್ಳುವುದನ್ನು ನಿಲ್ಲಿಸಿತು. 1930ರ ಹೊತ್ತಿಗೆ ಊರಿನಲ್ಲಿ ಉಳಿದವರು 700 ಜನ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಹತ್ತಿರದ ಕ್ಯಾಂಪ್ ಹೇಲ್‌ನಲ್ಲಿ ಸ್ಕೀ ಕಲಿತ ಸೈನಿಕರು ಈ ಬೆಟ್ಟಗಳನ್ನು ಮರೆಯಲಾರದೆ ಮರಳಿ ಬಂದರು. ವಾಲ್ಟರ್ ಪೆಪ್ಕೆ ಎಂಬ ಶಿಕಾಗೋದ ರಟ್ಟಿನ ಪೆಟ್ಟಿಗೆಯ ಉದ್ಯಮಿ 1946ರಲ್ಲಿ ಸ್ಕೀ ಕಂಪನಿ ಶುರು ಮಾಡಿದ. ಬೆಳ್ಳಿ ಮುಳುಗಿಸಿದ ಊರನ್ನು ರಟ್ಟು ಎತ್ತಿ ನಿಲ್ಲಿಸಿತು.

ಇನ್ನು ಕೋಣೆ.

ಕೋಣೆಯಲ್ಲಿ ಎಲ್ಲವೂ ಇತ್ತು, ಯಾವುದೂ ಕಾಣುತ್ತಿರಲಿಲ್ಲ. ಸ್ವಿಚ್ ಇಲ್ಲ, ಬೀರುವಿಗೆ ಹಿಡಿಕೆ ಇಲ್ಲ, ಟಿವಿ ಕನ್ನಡಿಯೊಳಗೆ, ಫ್ರಿಜ್ ಹಲಗೆಯ ಹಿಂದೆ. ದೀಪಗಳನ್ನೆಲ್ಲ ನಡೆಸುವುದು ಹಾಸಿಗೆ ಪಕ್ಕದ ಒಂದು ಟ್ಯಾಬ್ಲೆಟ್. ಅದರಲ್ಲಿ 'ದೀಪ' ಎಂದು ಬರೆದಿದ್ದರೆ ಬದುಕಿಕೊಳ್ಳುತ್ತಿದ್ದೆವು. 'ಸಂಜೆ', 'ಶಾಂತಿ', 'ಕಾಡು' ಎಂದೆಲ್ಲ ಇತ್ತು. ನಾನು ಶಾಂತಿಯನ್ನು ಒತ್ತಿದೆ. ಪರದೆ ಸರ್ರನೆ ತೆರೆದುಕೊಂಡು, ಎದುರು ಕಟ್ಟಡದ ಬಾಲ್ಕನಿಯಲ್ಲಿ ವೈನ್ ಕುಡಿಯುತ್ತಿದ್ದ ನಾಲ್ವರು ನನ್ನನ್ನು ಬನಿಯನ್‌ನಲ್ಲಿ ನೋಡಿದರು. ಅವರು ಲೋಟ ಎತ್ತಿದರು. ನಾನು ಕೈ ಮುಗಿದೆ.

ಆದರೆ ನನ್ನನ್ನು ನಿಜಕ್ಕೂ ಕಂಗೆಡಿಸಿದ್ದು ಬಚ್ಚಲಿನ ಬಾಗಿಲು. ಮೇಲೆ ಕಬ್ಬಿಣದ ಪಟ್ಟಿ, ಅದಕ್ಕೆ ಎರಡು ಗಾಲಿ, ಗಾಲಿಗೆ ನೇತುಹಾಕಿದ ದಪ್ಪ ಹಲಗೆಯ ಬಾಗಿಲು, ಪಕ್ಕಕ್ಕೆ ಜಾರಿಸಬೇಕು. ಅಮೆರಿಕದ ಕೊಟ್ಟಿಗೆ ಬಾಗಿಲು. ಹೆಸರೂ ಅದೇ. ಈಗ ಎಲ್ಲ ಫ್ಯಾಷನ್ ಹೋಟೆಲುಗಳ ಬಚ್ಚಲಿಗೂ ಇದೇ ಬಾಗಿಲಂತೆ. ಇದರ ಗುಣವಿಶೇಷ ಏನೆಂದರೆ ಇದು ಪೂರ್ತಿ ಮುಚ್ಚುವುದಿಲ್ಲ. ಗೋಡೆಗೂ ಬಾಗಿಲಿಗೂ ನಡುವೆ ಎರಡು ಬೆರಳಗಲ ಸಂದು ಸುತ್ತಲೂ ಉಳಿಯುತ್ತದೆ. ಚಿಲಕ ಇಲ್ಲ. ದನಕ್ಕೆ ಚಿಲಕ ಯಾಕೆ, ಸಂದಿನಿಂದ ಗಾಳಿ ಆಡಿದರೆ ದನಕ್ಕೆ ಒಳ್ಳೆಯದೇ. ಮನುಷ್ಯನ ವಿಷಯ ಬೇರೆ. ಮೂವತ್ತೈದು ವರ್ಷ ಸಂಸಾರ ಮಾಡಿದವರ ನಡುವೆಯೂ ಕೆಲವು ಸದ್ದುಗಳು ಖಾಸಗಿಯಾಗಿರಬೇಕು. ಹೆಂಡತಿ ಸ್ನಾನಕ್ಕೆ ಹೋದಾಗಲೆಲ್ಲ ನಾನು ಕಾರಿಡಾರಿನಲ್ಲಿ ಅಡ್ಡಾಡಿದೆ, ನಾನು ಹೋದಾಗ ಅವಳು ಟಿವಿಯ ಧ್ವನಿ ಏರಿಸಿದಳು.

"ನಿಮ್ಮ ಅಜ್ಜನ ಮನೆ ಕೊಟ್ಟಿಗೆ ಬಾಗಿಲು ಇದಕ್ಕಿಂತ ಸರಿಯಾಗಿ ಮುಚ್ಚುತ್ತಿತ್ತು, ಅಲ್ಲವಾ?" ಎಂದು ಕೇಳಿದಳು. ಮುಚ್ಚುತ್ತಿತ್ತು. ಹಲಸಿನ ಮರದ್ದು, ಒಳಗಿನಿಂದ ಅಗುಳಿ ಬೇರೆ ಇತ್ತು.

ಅಲ್ಲಿಂದ ಮುಂದೆ ನಮಗೆ ಕಂಡದ್ದೆಲ್ಲ ಊರಿನ ಹಳೆಯ ಮನೆಯೇ. ಹಾಸಿಗೆಯ ಕಾಲ್ದೆಸೆಯಲ್ಲಿ ಮಡಿಸಿಟ್ಟಿದ್ದ ಹೊದಿಕೆಯನ್ನು ಹೆಂಡತಿ ಎತ್ತಿ ಮೂಸಿ ನೋಡಿ, "ರೀ, ಇದು ಕಂಬಳಿ" ಎಂದಳು. ಕಂಬಳಿಯೇ. ಕಪ್ಪು ಉಣ್ಣೆ, ಒರಟು, ಅಂಚಿಗೆ ಬಿಳಿ ಗೆರೆ, ಚಳ್ಳಕೆರೆ ಸಂತೆಯಿಂದ ನೇರ ಬಂದಂತಿತ್ತು. ಮೇಜಿನ ಮೇಲಿದ್ದ ಪಟ್ಟಿಯ ಪ್ರಕಾರ ಇಷ್ಟವಾದರೆ ಕೊಂಡೊಯ್ಯಬಹುದು, 850 ಡಾಲರ್. ಅವಳು ಅದನ್ನು ಮತ್ತೆ ಮಡಿಸುವಾಗ ಮೊದಲಿಗಿಂತ ಹೆಚ್ಚು ಗೌರವದಿಂದ ಮಡಿಸಿದಳು.

ಸಂಜೆ ಅಂಗಳದಲ್ಲಿ ಬೆಂಕಿ. ಸ್ಕೀ ಮುಗಿಸಿದವರು ಅದರ ಸುತ್ತ ಕೂತು ಕುಡಿಯುವುದು ಇಲ್ಲಿನ ಮುಖ್ಯ ಕ್ರೀಡೆ, ಸ್ಕೀ ಅದಕ್ಕೊಂದು ನೆಪ. ಸ್ಕೀ ಬೂಟಿನಲ್ಲಿ ನಡೆಯುವವರು ಮರಗಾಲು ಕಟ್ಟಿಕೊಂಡವರಂತೆ ಮೊಣಕಾಲು ಮಡಿಸದೆ ಟಕ್ ಟಕ್ ಎಂದು ಬಂದು ಧೊಪ್ಪನೆ ಕೂರುತ್ತಿದ್ದರು. ನಾನೂ ಕೂತೆ. ಮಲೆನಾಡಿನವನ ಮುಂದೆ ಬೆಂಕಿ ಇಟ್ಟು ಕೈಕಟ್ಟಿ ಕೂರು ಎಂದರೆ ಆಗುತ್ತದೆಯೇ? ಒಂದು ಕೊಳ್ಳಿ ಹೊರಗೆ ಚಾಚಿತ್ತು. ಅಭ್ಯಾಸಬಲ, ಬೂಟಿನ ತುದಿಯಿಂದ ಅದನ್ನು ಒಳಗೆ ತಳ್ಳಿದೆ. ಕೊಳ್ಳಿ ಲಟಕ್ಕೆಂದು ಎರಡಾಯಿತು. ಮಣ್ಣಿನದು! ಬಣ್ಣ ಬಳಿದು ಸುಟ್ಟ ಮಣ್ಣಿನ ಸೌದೆ, ಕೆಳಗಿನಿಂದ ಗ್ಯಾಸು. ಹೊಗೆಯಿಲ್ಲ, ಬೂದಿಯಿಲ್ಲ. ಹತ್ತು ಗಂಟೆಗೆ ಒಬ್ಬ ಬಂದು ಕಿವಿ ಹಿಂಡಿದಂತೆ ಕೀಲಿ ತಿರುಗಿಸಿ ಆರಿಸುತ್ತಾನೆ. ನಾನು ಮುರಿದ ತುಂಡನ್ನು ಮೆಲ್ಲನೆ ಇನ್ನೊಂದಕ್ಕೆ ಒರಗಿಸಿಟ್ಟು, ಬೆಟ್ಟದ ಸೌಂದರ್ಯ ನೋಡುತ್ತ ಎದ್ದುಬಂದೆ.

ರಾತ್ರಿ ನಿದ್ದೆ ಬರಲಿಲ್ಲ. ಎತ್ತರಕ್ಕೆ ಹೊಸಬರಿಗೆ ಹೀಗಾಗುತ್ತದಂತೆ: ತಲೆಭಾರ, ಒಣಮೂಗು, ಕಣ್ಣು ಮುಚ್ಚಿದರೆ ಉಸಿರು ಸಾಲದು ಎಂಬ ಗಾಬರಿ. ಹುಡುಗಿ ಹೇಳಿದ್ದಳಲ್ಲ ಎಂದು ನೀರು ಕುಡಿದೆ. ಮತ್ತೆ ಕುಡಿದೆ. ಸುಮಾರು ಒಂದೂವರೆಗೆ ಆ ನೀರೆಲ್ಲ ತನ್ನ ಹಕ್ಕು ಕೇಳಿತು.

ಟ್ಯಾಬ್ಲೆಟ್ ಮುಟ್ಟುವ ಧೈರ್ಯವಿರಲಿಲ್ಲ. ಶಾಂತಿಯ ಅನುಭವ ಆಗಿತ್ತು. ಚಳಿಯೆಂದು ಕಂಬಳಿ ಹೊದ್ದು, ಕತ್ತಲಲ್ಲಿ ಗೋಡೆ ಸವರುತ್ತ ಹೊರಟೆ. ಹಲಗೆ, ಹಲಗೆ, ಮತ್ತೆ ಹಲಗೆ. ಗೋಡೆಯೂ ಹಲಗೆ, ಬಾಗಿಲೂ ಹಲಗೆ. ಕಡೆಗೆ ಕೈಗೊಂದು ಹಿಡಿಕೆ ಸಿಕ್ಕಿತು. ಎಳೆದೆ, ಬೆಳಕು ಕಂಡಿತು, ಸಮಾಧಾನದಿಂದ ಒಳಗೆ ಕಾಲಿಟ್ಟೆ. ಹಿಂದಿನಿಂದ 'ಕ್ಲಿಕ್'. ಒಳಗೆ ಅಲ್ಲ, ಹೊರಗೆ. ಕಾರಿಡಾರು.

ಈ ಹೋಟೆಲಿನಲ್ಲಿ ಪೂರ್ತಿ ಮುಚ್ಚುವ ಬಾಗಿಲು ಒಂದೇ ಒಂದು, ನಾನು ಅದರ ತಪ್ಪು ಪಕ್ಕದಲ್ಲಿದ್ದೆ. ಪಂಚೆ, ಬನಿಯನ್, ಕಂಬಳಿ, ಬರಿಗಾಲು. ಬಾಗಿಲು ತಟ್ಟಿದೆ. ನನ್ನ ಗೊರಕೆಯ ದೆಸೆಯಿಂದ 35 ವರ್ಷಗಳಿಂದ ಕಿವಿಗೆ ಹತ್ತಿ ಇಟ್ಟುಕೊಂಡು ಮಲಗುವವಳು ಅವಳು. ಏಳಲಿಲ್ಲ. ಮಗಳ ಕೋಣೆಯ ಸಂಖ್ಯೆ ನೆನಪಿರಲಿಲ್ಲ. ಎದುರಿನ ಕೋಣೆಯಿಂದ ಸ್ವೆಟರ್ ಹಾಕಿದ ನಾಯಿಯೊಂದು ಯಜಮಾನನನ್ನು ಎಳೆದುಕೊಂಡು ಬಂದು, ನನ್ನನ್ನು ನೋಡಿ, ಬೊಗಳುವುದು ತನ್ನ ಅಂತಸ್ತಿಗೆ ತಕ್ಕದ್ದಲ್ಲ ಎಂಬಂತೆ ಮುಂದೆ ಹೋಯಿತು.

ಕೆಳಗಿಳಿದೆ. ಮೊದಲು ಪಡಸಾಲೆಯ ಪಕ್ಕದ ಶೌಚಾಲಯಕ್ಕೆ ಹೋಗಿ ನೀರಿನ ಲೆಕ್ಕ ತೀರಿಸಿದೆ. ಕೌಂಟರಿಗೆ ಬಂದರೆ ರಾತ್ರಿ ಪಾಳಿಯವನು ಹೊಸಬ. ಬಹಳ ವಿನಯದಿಂದ ಗುರುತಿನ ಚೀಟಿ ಕೇಳಿದ. ಅದು ಕೋಣೆಯಲ್ಲಿದೆ ಎಂದೆ. ಕೋಣೆ ತೆರೆಯಲು ಚೀಟಿ ಬೇಕು ಎಂದ. ಅವನ ಧ್ವನಿ ನನಗೆ ಚೆನ್ನಾಗಿ ಪರಿಚಿತ. ಇದೇ ಧ್ವನಿಯಲ್ಲಿ ನಾನು ಎಷ್ಟು ಜನ ರೈತರನ್ನು "ಫೋಟೋ ತನ್ನಿ, ಜೆರಾಕ್ಸ್ ತನ್ನಿ" ಎಂದು ಮಧ್ಯಾಹ್ನದ ಬಿಸಿಲಿಗೆ ವಾಪಸು ಕಳಿಸಿರಬಹುದು! ಕೋಣೆ ಯಾರ ಹೆಸರಿನಲ್ಲಿದೆ ಎಂದು ಕೇಳಿದ. ಅಳಿಯನ ಹೆಸರು ಹೇಳಿದೆ. ನೀವು ಅವರೇ? ಅಲ್ಲ. ಅವರ ಕೋಣೆ ಯಾವುದು? ಗೊತ್ತಿಲ್ಲ. ನಿಮ್ಮದು? ಮೂರನೇ ಮಹಡಿ, ಹಲಗೆಯ ಬಾಗಿಲು.

ಅಷ್ಟರಲ್ಲಿ ಒಲೆಯ ಬಳಿ ಕೂತಿದ್ದ ತುಪ್ಪುಳು ಕೋಟಿನ ಹೆಂಗಸೊಬ್ಬಳು ಎದ್ದು ಬಂದು, ಕಂಬಳಿಯ ಅಂಚು ಮುಟ್ಟಿ, ಇದನ್ನು ಹೀಗೆ ಹೊದೆಯುವುದು ಎಲ್ಲಿಯ ಶೈಲಿ ಎಂದು ವಿಚಾರಿಸಿದಳು. ನಮ್ಮಲ್ಲಿ ಕುರಿ ಕಾಯುವವರು ಮಳೆಯಲ್ಲಿ ಕೊಪ್ಪೆ ಹಾಕಿಕೊಳ್ಳುತ್ತಾರೆ ಎಂದು ಹೇಳಿ, ಕೇಳಿದಳಲ್ಲ ಎಂದು ತಲೆಯ ಮೇಲೆ ಮಡಿಸಿ ತೋರಿಸಿಯೂ ಕೊಟ್ಟೆ. ಅವಳು ಫೋಟೋ ತೆಗೆದುಕೊಂಡಳು. ಕೌಂಟರಿನವನ ಅನುಮಾನ ಇದರಿಂದ ಕಡಿಮೆಯಾದಂತೆ ಕಾಣಲಿಲ್ಲ.

ಕಾಪಾಡಿದ್ದು ಉಣ್ಣೆ ಟೋಪಿಯ ಹುಡುಗ. ಕೆಲಸ ಮುಗಿಸಿ ಮನೆಗೆ ಹೊರಟವನು ನನ್ನನ್ನು ಕಂಡು ನಿಂತ. ಕೌಂಟರಿನವನಿಗೆ ಅವನು ಹೇಳಿದ್ದು ಎರಡೇ ಮಾತು: "ಉಪ್ಪಿನಕಾಯಿಯವರು. ಮುನ್ನೂರ ಹನ್ನೊಂದು." ಪಾಸ್‌ಪೋರ್ಟು ಮಾಡದ ಕೆಲಸವನ್ನು ಅಪ್ಪೆಮಿಡಿ ಮಾಡಿತು.

ಮರುದಿನ ತಂತಿಗೆ ನೇತುಬಿದ್ದು ಸಾಗುವ ಗೊಂಡೊಲಾ ಪೆಟ್ಟಿಗೆ ಏರಿ 11,212 ಅಡಿಯವರೆಗೆ ಹೋಗಿದ್ದೆವು. ಹತ್ತುವಾಗ ಪೆಟ್ಟಿಗೆ ತುಂಬಾ ಜನ, ಇಳಿಯುವಾಗ ನಾವಿಬ್ಬರೇ. ಉಳಿದವರೆಲ್ಲ ಹಿಮದ ಮೇಲೆ ಜಾರಿಕೊಂಡು ಹೋಗಿದ್ದರು. ಬಹಳ ಚೆನ್ನಾಗಿತ್ತು, ಅಷ್ಟೇ. ನೋಡಿ ಖುಷಿಪಟ್ಟ ಜಾಗದ ಬಗ್ಗೆ ಬರೆಯಲು ನನಗೆ ಹೆಚ್ಚು ಸಿಗುವುದಿಲ್ಲ.

ಹೊರಡುವ ದಿನ ಬಿಲ್ಲು ಬಂತು. ಕೋಣೆಗೆ ಪಾಯಿಂಟು ಸರಿ, ಆದರೆ ಕೆಳಗೆ ಹದಿನಾಲ್ಕು ಸಾಲು: ವೋಡ್ಕಾ, ವಿಸ್ಕಿ, ಶಾಂಪೇನ್, ಗೋಡಂಬಿ, ಚಾಕೊಲೇಟು. ಅಳಿಯ ನನ್ನ ಮುಖ ನೋಡಿದ. ಮಗಳು ಅವಳ ಅಮ್ಮನ ಮುಖ ನೋಡಿದಳು. ಅವಳೇ ಒಪ್ಪಿಕೊಂಡಳು: ಮೊಸರು, ಚಪಾತಿ, ಉಳಿದ ಮಿಡಿ ಇಡಲು ಫ್ರಿಜ್ಜಿನಲ್ಲಿ ಜಾಗವಿರಲಿಲ್ಲ, ಆ ಬಾಟಲಿಗಳನ್ನೆಲ್ಲ ತೆಗೆದು ಬೀರುವಿನಲ್ಲಿ ಸಾಲಾಗಿ ಜೋಡಿಸಿದ್ದಳು. ಎತ್ತಿದ ಕ್ಷಣವೇ ಕುಡಿದಂತೆ ಎಂದು ಬರೆದುಕೊಳ್ಳುವ ಯಂತ್ರ ಅದರೊಳಗಿದೆ ಎಂದು ಯಾರಿಗೆ ಗೊತ್ತು? ಒಬ್ಬರನ್ನು ಮೇಲೆ ಕಳಿಸಿ ಎಣಿಸಿ, ಹದಿಮೂರು ಸಾಲು ಹೊಡೆದುಹಾಕಿದರು. ಗೋಡಂಬಿ ಉಳಿಯಿತು. ಅದು ನಾನು.

ಮರಳಿ ಬರುವ ದಾರಿಯಲ್ಲಿ ಊರಿಗೆ ಫೋನ್ ಮಾಡಿದೆ. ಅಲ್ಲಿ ಬೆಳಗಿನ ಹೊತ್ತು. ತಮ್ಮ ಆಗಷ್ಟೇ ಎದ್ದಿದ್ದ.

"ಅಜ್ಜನ ಕಾಲದ ಕೊಟ್ಟಿಗೆ ಬಾಗಿಲು ಇತ್ತಲ್ಲ, ಹಲಸಿನದು, ಎಲ್ಲಿಟ್ಟಿದ್ದೀಯ?" ಎಂದು ಕೇಳಿದೆ.

"ಅದಾ ಅಣ್ಣ? ಹೋದ ಮಳೆಗಾಲದಲ್ಲಿ ಒಣ ಸೌದೆ ಇರಲಿಲ್ಲ, ಒಡೆದು ಬಚ್ಚಲ ಒಲೆಗೆ ಹಾಕಿದೆವು. ಮೂರು ದಿನ ಬಂತು ನೋಡು."

ನಾನು ಏನೂ ಹೇಳಲಿಲ್ಲ. ಹೆಂಡತಿ ಫೋನಿನ ಕಡೆ ಬಾಗಿ, "ಭಾವ, ಅಟ್ಟದ ಮೇಲೆ ಎರಡು ಕಂಬಳಿ ಇದ್ದವು. ಅವನ್ನು ಮುಟ್ಟಬೇಡಿ" ಎಂದಳು.